ಹೋದ ವರ್ಷದ ನೀರು

ಸರ್ಕಾರಿ ಟಿವಿಯ ಸುದ್ದಿ ವಿಭಾಗದಲ್ಲಿ ನಾನು ನಿರ್ಮಾಪಕಿ. ಊರು ಹುಕ್ಕೇರಿ, ಅಕ್ಕನನ್ನು ಮೂಡಲಗಿಗೆ ಕೊಟ್ಟಿದ್ದಾರೆ. ಅವಳ ಗಂಡ, ನಮ್ಮ ಮಾಮಾ, ಬೇರೆ ಚಾನೆಲ್ ನೋಡುವವರೇ ಅಲ್ಲ. "ಉಳಿದವರು ಬರೇ ಚೀರತಾರ, ನಮ್ಮಾಕಿ ಖರೇನ ಹೇಳತಾಳ" ಎಂದು ಕಂಡಕಂಡವರಿಗೆ ಹೇಳುತ್ತಿದ್ದರು. ಕೇಳಿ ನಾನೂ ಉಬ್ಬುತ್ತಿದ್ದೆ.

ಆ ಮಳೆಗಾಲ ಹಿಡಕಲ್ ಡ್ಯಾಮಿನಿಂದ ನೀರು ಬಿಟ್ಟರು. ಮಧ್ಯಾಹ್ನದ ವಾರ್ತೆಗೆ ಗೋಕಾಕದ ವರದಿಗಾರ ಎರಡು ಸಾಲು ಕಳಿಸಿದ: ನದಿ ಏರುತ್ತಿದೆ, ಮೂಡಲಗಿ ದಾರಿಯ ಸೇತುವೆಯ ಹತ್ತಿರ ಜನ ಎಚ್ಚರದಿಂದಿರಬೇಕು. ದೃಶ್ಯ ಕಳಿಸಿರಲಿಲ್ಲ. ಖಾಸಗಿ ಚಾನೆಲ್ಲುಗಳಲ್ಲಿ ಆಗಲೇ ನೀರೇ ನೀರು. ಹೋದ ವರ್ಷ ಅದೇ ಸೇತುವೆ ಮುಳುಗಿದ್ದ ದೃಶ್ಯವನ್ನು ನಾನು ಹುಡುಕಿ ತೆಗೆಸಿದೆ. ಹಳೆಯದನ್ನು ತೋರಿಸುವಾಗ ಮೂಲೆಯಲ್ಲಿ 'ಸಂಗ್ರಹ ಚಿತ್ರ' ಎಂದು ಹಾಕುವುದು ನಮ್ಮ ಪದ್ಧತಿ. ಹಾಕಲೇ ಎಂದು ಎಡಿಟರ್ ಕೇಳಿದ. "ಬೇಡ, ಹಳಸಲು ಕಾಣುತ್ತೆ" ಎಂದೆ. ಅವಸರದಲ್ಲಿ ಆದದ್ದೆಂದು ನನಗೆ ನಾನೇ ಎಷ್ಟೋ ಸಲ ಹೇಳಿಕೊಂಡಿದ್ದೇನೆ. ಅವಸರವೇನೂ ಇರಲಿಲ್ಲ.

ವಾರ್ತೆ ಮುಗಿಸಿ ಹೊರಬಂದಾಗ ಮೊಬೈಲಿನಲ್ಲಿ ಮಾಮಾನ ಎರಡು ಮಿಸ್ಡ್ ಕಾಲ್. ನಮ್ಮ ಕಡೆಯ ಸುದ್ದಿ ಬಂತೆಂದು ಹೊಗಳಲು ಮಾಡಿರಬೇಕು ಅಂದುಕೊಂಡು ಊಟಕ್ಕೆ ಹೋದೆ.

ಅವರ ತಾಯಿ ಗೋಕಾಕದ ಆಸ್ಪತ್ರೆಯಲ್ಲಿದ್ದರು. ಮುದುಕಿಗೆ ಏದುಸಿರು ಹತ್ತಿದೆ, ಬೇಗ ಬಾ ಎಂದು ಜೊತೆಗಿದ್ದ ಮಾಮಾನ ತಂಗಿ ಅಂದು ಅವರಿಗೆ ಫೋನ್ ಮಾಡಿದ್ದಳು. ಹೊರಡುವ ಹೊತ್ತಿಗೆ ಅವರು ನಮ್ಮ ವಾರ್ತೆ ನೋಡಿದರು. ನನಗೆ ಫೋನ್ ಹಚ್ಚಿದರು. ನಾನು ಎತ್ತದಿದ್ದಾಗ ಗಾಡಿಯ ಕೀಲಿಯನ್ನು ಮತ್ತೆ ಗೂಟಕ್ಕೆ ಸಿಕ್ಕಿಸಿದರು, ನೀರು ಇಳಿದ ಮೇಲೆ ಹೋಗುವುದೆಂದು. ಬೆಳಗಾಗುವಷ್ಟರಲ್ಲಿ ಮುದುಕಿ ತೀರಿಕೊಂಡಿದ್ದರು.

ಮಣ್ಣಾದ ಮೂರನೇ ದಿನ ಮೂಡಲಗಿಗೆ ಹೋದೆ. ಪಡಸಾಲೆಯಲ್ಲಿ ಜನ ಕೂತಿದ್ದರು. ಮಾಮಾನ ತಂಗಿ ತಲೆ ಎತ್ತದೆ ಅಣ್ಣನಿಗೆ ಕೇಳಿದಳು:

"ಅವ್ವ ಕಡೀತನಕ ಬಾಗಲಾನ ನೋಡ್ಕೋತ ಇದ್ಲು. ಅವತ್ತ ಸಂಜೀಕ ಮೂಡಲಗಿ ಬಸ್ ಬಂದಿತ್ತಂತಲ್ಲ ಅಣ್ಣಾ. ದವಾಖಾನ್ಯಾಗ ಮಂದಿ ಅಂತಿದ್ರು."

"ಸೇತುವಿ ಮುಳುಗಿದ್ದು ನಾ ಕಣ್ಣಾರೆ ನೋಡೇನಿ," ಎಂದು ಮಾಮಾ ನನ್ನ ಕಡೆ ತಿರುಗಿದರು. "ಸುದ್ದಿ ಹಾಕಿದಾಕಿನ ಇಲ್ಲಿ ಕುಂತಾಳ, ಕೇಳ. ಹೇಳವಾ."

ಎಲ್ಲರೂ ನನ್ನ ಬಾಯಿ ನೋಡುತ್ತಿದ್ದರು. ಖರೆ ಹೇಳಿದರೆ ಮಾಮಾ ಮುರಿದುಹೋಗುತ್ತಾರೆ ಎಂದು ನೆವ ಹುಡುಕಿಕೊಂಡೆ. ನಾನು ಅಂಜಿದ್ದು ನನ್ನ ಮರ್ಯಾದೆಗೆ.

"ಹೌದ್ರಿ ಮಾಮಾ, ನೀರು ಬಂದಿತ್ರಿ," ಎಂದೆ.

ಅವಳು ಅಣ್ಣನ ಕೈ ಹಿಡಿದು, "ನಾನ ತಪ್ಪು ತಿಳಕೊಂಡಿದ್ದೆ" ಅಂದಳು. ಆಮೇಲೆ ಒಳಗೆ ಹೋಗಿ ನನಗೆ ಚಹಾ ತಂದುಕೊಟ್ಟಳು. ಸಕ್ಕರೆ ಸಾಕಾಯಿತೇ ಎಂದು ಕೇಳಿದಳು.