ಜಗಳ ಹುಡುಕಿ ಹೊರಟ ಇಗ್ಲಾಲ್ ಮೇಡಂ

ನನ್ನ ಮೀಸೆ ಬೇಳೆ ಸೂಪಿನ ಬಟ್ಟಲಿಗೆ ಬಿದ್ದದ್ದು ಸರಿಯಾಗಿ ಉಪವಾಸ ಬಿಡುವ ಹೊತ್ತಿಗೆ. ಕೈರೋದ ಶುಬ್ರಾ ಬಡಾವಣೆಯ ಓಣಿಯೊಂದರ ಮಹಡಿ ಮನೆಗೆ ಹೇಳದೆ ಕೇಳದೆ ನುಗ್ಗಿ, ಊಟದ ಮೇಜಿಗೆ ಕೂತು ಬಿಟ್ಟ ಒರಟನ ವೇಷ ನನ್ನದು. ಬಿಸಿ ಹಬೆಗೆ ಅಂಟು ಬಿಟ್ಟುಕೊಂಡಿತು. ಮನೆಯೊಡತಿ ಉಮ್ ರಗಬ್ ಮೀಸೆಯನ್ನು ಚಮಚದಲ್ಲಿ ಎತ್ತಿ ತಟ್ಟೆಯಂಚಿಗಿಟ್ಟು, "ಮೊದ್ಲು ಉಣ್ಣಪ್ಪಾ, ಆಮೇಲೆ ಅಂಟಿಸ್ಕೊಳ್ಳುವಿಯಂತೆ" ಎಂದರು.

ಇದೆಲ್ಲ ಟೀವಿ ನಿರ್ಮಾಪಕಿ ಇಗ್ಲಾಲ್ ಮೇಡಂ ಯೋಜನೆ. ಕೈರೋದಲ್ಲಿ ಅವರು ಮಾಡದ ಮನರಂಜನೆಯಿಲ್ಲ. ಆದರೆ ಅವರು ಹೂಡಿದ ಜಗಳಗಳೆಲ್ಲ ಸ್ನೇಹದಲ್ಲಿ ಮುಗಿಯುವುದೊಂದು ಗ್ರಹಚಾರ. ಹಾಡಿನ ಸ್ಪರ್ಧೆಯಲ್ಲಿ ಸೋತವಳು ಗೆದ್ದವಳ ಮದುವೆಗೆ ಹಾಡಿದಳು. ವಧು ಹುಡುಕುವ ಕಾರ್ಯಕ್ರಮದಲ್ಲಿ ಕಿತ್ತಾಡಲೆಂದು ತಂದ ಇಬ್ಬರು ವರರು ವಧುವನ್ನು ಮರೆತು ಜೊತೆಯಲ್ಲಿ ಟೈರ್ ಅಂಗಡಿ ತೆರೆದರು. ಕೊನೆಗೆ ವಾಹಿನಿಯ ಮುಖ್ಯಸ್ಥ ರವೂಫ್ ಬೇ ಖಡಾಖಂಡಿತವಾಗಿ ಹೇಳಿದ್ದರು: "ಈ ರಂಜಾನಿನಲ್ಲಿ ಒಂದಾದ್ರೂ ನಿಜವಾದ ಜಗಳ ತೋರಿಸಿ ಮೇಡಂ. ಇಲ್ಲಾಂದ್ರೆ ನಿಮ್ಮ ಸಮಯ ಅಡುಗೆ ಕಾರ್ಯಕ್ರಮದವರಿಗೆ."

ಅದಕ್ಕೇ ಈ ಗುಪ್ತ ಕ್ಯಾಮೆರಾ. ನಟರು ಸಿಗದೆ, ನಗೆಮಾತು ಬರೆದುಕೊಡುವ ನನಗೇ ವೇಷ ಹಾಕಿ, ಸಂಜೆಗೊಂದು ಮನೆಗೆ ನುಗ್ಗಿಸಿದರು. ಮೊದಲ ಮನೆಯಲ್ಲಿ ಬೈಗುಳದ ಬದಲು ಬಾತುಕೋಳಿಯ ತೊಡೆ ಸಿಕ್ಕಿತು. ಎರಡನೆಯದರಲ್ಲಿ ಅಜ್ಜನೊಬ್ಬ "ಯಾಕೋ ಇಷ್ಟು ತಡ?" ಎಂದಷ್ಟೇ ಕೇಳಿದ. ಇದು ಮೂರನೆಯದು, ಕೊನೆಯದು ಕೂಡ. ಮನೆಯ ಅಳಿಯನನ್ನು ಒಳಸಂಚಿಗೆ ಸೇರಿಸಿಕೊಂಡು ಗಾಜಿನ ಕಪಾಟಿನಲ್ಲಿ ಕ್ಯಾಮೆರಾ ಅಡಗಿಸಿದ್ದೆವು. ಮೇಡಂ ಕೆಳಗೆ ತಂಡದ ಜೊತೆ ವ್ಯಾನಿನ ಹಿಂದಿನ ಸೀಟಿನಲ್ಲಿ ಕೂತು, ಪುಟ್ಟ ಇಯರ್‌ಫೋನಿನ ಮೂಲಕ ನನ್ನ ಕಿವಿಯೊಳಗೆ ಪಿಸುಗುಡುತ್ತಿದ್ದರು.

"ಮೀಸೆ ಹೋದ್ರೆ ಹೋಗ್ಲಿ ರೀ! ಉಪ್ಪಿಲ್ಲ ಅನ್ರಿ!"

"ಥೂ, ಉಪ್ಪೇ ಇಲ್ಲ!" ಎಂದು ಮೇಜು ಗುದ್ದಿದೆ.

ಮನೆಯ ಯಜಮಾನರು ನನ್ನ ಹೆಗಲ ಮೇಲೆ ಕೈ ಹಾಕಿದರು. "ನೋಡಿದ್ಯಾ? ನಾನು ಹೇಳಿದ್ರೆ ಇವಳು ಕೇಳಲ್ಲ. ದೇವರು ನಿನ್ನ ಚೆನ್ನಾಗಿಟ್ಟಿರಲಿ ತಮ್ಮಾ."

ಉಮ್ ರಗಬ್ ಉಪ್ಪು ತಂದಿಟ್ಟು, ಬಾಲ್ಕನಿಯಿಂದ ಕೆಳಗೆ ಬಗ್ಗಿ ನೋಡಿದರು. "ಆ ವ್ಯಾನು ನಿಮ್ದೇ ತಾನೇ? ಪಾಪ, ಮಸೀದೀಲಿ ಬಾಂಗ್ ಆದ್ರೂ ಖಾಲಿ ಹೊಟ್ಟೇಲಿ ಕೂತಿದಾರಲ್ಲೋ!"

ತರಕಾರಿಯವನಿಗೆ ಇಳಿಬಿಡುವ ಬುಟ್ಟಿಯಲ್ಲಿ ಸೂಪು, ರೊಟ್ಟಿ, ಅನ್ನ ತುಂಬಿದ ದ್ರಾಕ್ಷಿ ಎಲೆ, ಮೇಲೊಂದು ತಟ್ಟೆ ಕುನಾಫಾ ಸಿಹಿ. ಬುಟ್ಟಿ ಹಗ್ಗದ ತುದಿಯಲ್ಲಿ ಓಲಾಡುತ್ತ ಇಳಿಯಿತು.

"ಬಾಗಿಲು ತೆಗೀಬೇಡ್ರೋ, ನಾವು ಅಡಗಿದೀವಿ!" ಎಂದು ಮೇಡಂ ನನ್ನ ಕಿವಿಯೊಳಗೆ ಚೀರಿದರು. ಮರುಕ್ಷಣ ವ್ಯಾನಿನ ಬಾಗಿಲು ಸರಿದ ಸದ್ದು. "ಅನ್ನ ಬಂದಾಗ ಬೇಡ ಅನ್ಬಾರ್ದು ಮೇಡಂ" ಎಂದ ಕ್ಯಾಮೆರಾದವನ ದನಿ ಅರ್ಧಕ್ಕೇ ನಿಂತು, ಅಗಿಯುವ ಸದ್ದಾಯಿತು. ಇನ್ನೊಂದು ಕ್ಯಾಮೆರಾ ವ್ಯಾನಿನಲ್ಲೂ ಓಡುತ್ತಿತ್ತು. ಅದನ್ನು ಆರಿಸಬೇಕಾದ ಕೈಗಳೆಲ್ಲ ಬುಟ್ಟಿಯೊಳಗಿದ್ದವು.

ಮರುದಿನ ಮೂರೂ ಮನೆಗಳ ಚಿತ್ರೀಕರಣವನ್ನು ರವೂಫ್ ಬೇ ಮುಂದಿಟ್ಟೆವು. ಮೇಡಂ ಮುಖ ಸೋತ ಅಭ್ಯರ್ಥಿಯದ್ದು. ನಾನು ಅಡುಗೆಯವರಿಗೆ ನಗೆಮಾತು ಬೇಕಾಗಬಹುದೇ ಎಂದು ಯೋಚಿಸುತ್ತಿದ್ದೆ. ಮೀಸೆಯ ಜಾಗಕ್ಕೆ ಬಂದಾಗ ರವೂಫ್ ಬೇ ಕೆಮ್ಮಿದರು. ಬುಟ್ಟಿ ಇಳಿದಾಗ ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು.

"ಹಾಳಾಗ್ಲಿ, ಇದನ್ನೇ ಹಾಕಿ. ಆದ್ರೆ ನಾನು ಕೇಳಿದ್ದು ಜಗಳ ಮೇಡಂ. ಇಷ್ಟು ಜನರಲ್ಲಿ ಸಿಟ್ಟಿಗೆದ್ದೋರು ಒಬ್ರಾದ್ರೂ ಇದಾರಾ?"

ಇಗ್ಲಾಲ್ ಮೇಡಂ ಮುಖದ ಒಂದು ಗೆರೆಯೂ ಅಲುಗಲಿಲ್ಲ.

"ನಾನಿದೀನಿ. ಕುನಾಫಾ ಹಿಂದಿನ ಸೀಟಿನ ತನಕ ಬರಲೇ ಇಲ್ಲ."