ಇಲ್ಲದ ಬಾಗಿಲಿಗೆ ಅಂಟಿಸಿದ ಸಮನ್ಸು

ಇದು ಯಾವ ತಾಲ್ಲೂಕಿನ ಕೋರ್ಟು ಎಂದು ಬರೆಯುವುದಿಲ್ಲ. ಬರೆದರೆ ಉಳಿದ ತಾಲ್ಲೂಕಿನವರು ಸದ್ಯ ನಮ್ಮದಲ್ಲ ಎಂದು ಉಸಿರು ಬಿಡುತ್ತಾರೆ. ಆ ಸಮಾಧಾನವನ್ನು ಯಾರಿಗೂ ಕೊಡುವ ಮನಸ್ಸು ನನಗಿಲ್ಲ.

ನಮ್ಮ ಮನೆ ಡಾಂಬರು ದಾರಿಗೆ ಮುಖ ಮಾಡಿ ನಿಂತಿದೆ. ಮೂರು ಖೋಲಿ, ಪರಸಿ ಕಲ್ಲಿನ ನೆಲ, ಹಿಂದೆ ಒಂದು ಹಿತ್ತಲು. ಅಪ್ಪ ತೀರಿಕೊಂಡ ಮೇಲೆ ಅಲ್ಲಿ ಇರುವವರು ಅವ್ವ ಮತ್ತು ನಾನು. ನಾನು ಡಿಗ್ರಿ ಕಾಲೇಜಿನಲ್ಲಿ ವಾರಕ್ಕೆ ಮೂರು ದಿನ ರಸಾಯನಶಾಸ್ತ್ರ ಕಲಿಸುವ ಅತಿಥಿ ಉಪನ್ಯಾಸಕಿ. ದಾರಿ ಅಗಲವಾಗುವವರೆಗೆ ಆ ಮನೆ ಯಾರಿಗೂ ಬೇಕಾಗಿರಲಿಲ್ಲ. ಅಗಲವಾದ ವರ್ಷ ಅಪ್ಪನ ತಮ್ಮ, ಅಂದರೆ ನನ್ನ ಕಾಕಾ, ಮೊದಲ ಸಲ ಸಿಹಿ ತೆಗೆದುಕೊಂಡು ಬಂದ. ಅವನು ರಸ್ತೆ ಗುತ್ತಿಗೆದಾರ. ಅಂಗಳದಲ್ಲಿ ಎಷ್ಟು ಅಂಗಡಿ ಕೂಡುತ್ತವೆ ಎಂದು ಅವನು ಕಣ್ಣಿನಲ್ಲೇ ಅಳೆಯುತ್ತಿದ್ದುದನ್ನು ನಾನು ಕಿಟಕಿಯಿಂದ ನೋಡಿದೆ.

"ವೈನಿ, ಇಬ್ಬರು ಹೆಣ್ಮಕ್ಕಳಿಗೆ ಇಷ್ಟು ದೊಡ್ಡ ಜಾಗಾ ಯಾಕ್ರಿ? ನಾಳೆ ಈಕಿ ಲಗ್ನ ಆಗಿ ಹೋಗ್ತಾಳ."

"ಈಕಿ ಹೋದ್ರ ನಾ ಎಲ್ಲಿ ಹೋಗ್ಲಿ?" ಎಂದಳು ಅವ್ವ.

"ನಿಮಗೇನು ಬೀದಿಗೆ ಹಾಕ್ತೇನೇನ್ರಿ? ಹಿಂದಿನ ಖೋಲಿ ನಿಮ್ಮದೇ."

ತನ್ನದೇ ಮನೆಯ ಹಿಂದಿನ ಖೋಲಿಯನ್ನು ದಾನವಾಗಿ ಪಡೆಯಲು ಅವ್ವ ಒಪ್ಪಲಿಲ್ಲ. ಕಾಕಾ ಚಹಾ ಕುಡಿದು ಎದ್ದ. ಆಮೇಲೆ ಬಹಳ ದಿನ ಅವನ ಸುದ್ದಿ ಇರಲಿಲ್ಲ.

ಆ ಬೇಸಿಗೆಯಲ್ಲಿ ನಮ್ಮ ತಲೆಬಾಗಿಲಿನ ಚೌಕಟ್ಟಿಗೆ ಗೆದ್ದಲು ಹತ್ತಿತ್ತು. ನಿಂಬರ್ಗಾದ ತವರು ಹೊಲದಲ್ಲಿ ಬಿದ್ದ ಬೇವಿನ ಮರದ ಕಟ್ಟಿಗೆಯನ್ನು ಅವ್ವ ಎರಡು ವರ್ಷ ಒಣಗಿಸಿ ಇಟ್ಟಿದ್ದಳು. ಓಣಿಯ ಬಡಿಗ ಬಂದು ಹಳೆಯ ಚೌಕಟ್ಟು, ಬಾಗಿಲು ಎರಡನ್ನೂ ಕಿತ್ತು ತನ್ನ ಶೆಡ್ಡಿಗೆ ಒಯ್ದ. ಎಂಟು ದಿನದಲ್ಲಿ ಹೊಸದು ಕೂಡಿಸುತ್ತೇನೆ ಎಂದಿದ್ದವನು ಹದಿನೈದು ದಿನ ತಡ ಮಾಡಿದ. ಅಷ್ಟರಲ್ಲಿ ಆಷಾಢ ಹಿಡಿಯಿತು. ಆಷಾಢದಲ್ಲಿ ಹೊಸ್ತಿಲು ಕೂಡಿಸುವವರು ನಮ್ಮ ಕಡೆ ಯಾರೂ ಇಲ್ಲ.

"ಅಕ್ಕಾರ, ನನ್ನ ಕೈಲೆ ಆಗಂಗಿಲ್ರಿ. ಶ್ರಾವಣ ಬರ್ಲಿ."

"ನಾವು ಶರಣರ ಮನಿತನದವರು," ಎಂದು ಅವ್ವ ಅವನ ಶೆಡ್ಡಿನ ಮುಂದೆಯೇ ನಿಂತು ಹೇಳಿದಳು. "ನಮಗ ಯಾವ ಮುಹೂರ್ತಾನೂ ಇಲ್ಲ. ಮಾಡೋ ಕೈ ಶುದ್ಧ ಇದ್ರ ಎಲ್ಲಾ ದಿನಾನೂ ಛಲೋ."

"ನಿಮಗಿಲ್ಲ ಖರೆ. ನನಗ ಅದ ನೋಡ್ರಿ! ನನ್ನ ಮನ್ಯಾಗ ಮಕ್ಕಳು ಮರಿ ಅದಾರ."

ಹೀಗೆ ಸುಮಾರು ಎರಡು ತಿಂಗಳು ನಮ್ಮ ಮನೆಗೆ ಬಾಗಿಲೇ ಇರಲಿಲ್ಲ. ಒಂದು ಹಳೆಯ ಜಮಖಾನ ಇಳಿಬಿಟ್ಟಿದ್ದೆವು. ನಾಯಿ ಬರುತ್ತಿತ್ತು. ಎದುರು ಮನೆಯವರ ಕೋಳಿ ನಮ್ಮ ಜೋಳದ ಚೀಲದ ಹಿಂದೆ ಮೊಟ್ಟೆ ಇಟ್ಟು ಹೋಗುತ್ತಿತ್ತು, ಅವ್ವ ಅದನ್ನು ಸೆರಗಿನಲ್ಲಿ ಹಿಡಿದುಕೊಂಡು ಹೋಗಿ ಕೊಟ್ಟು ಬರುತ್ತಿದ್ದಳು. "ಏನ್ ಬೇ, ನಿಮ್ಮ ಮನಿ ಧರ್ಮಛತ್ರ ಮಾಡಿದೇನು?" ಎಂದು ಎದುರು ಮನೆಯಾಕೆ ನಗುತ್ತಿದ್ದಳು. "ಹೌದು ಬೇ, ನಿನ್ನ ಕೋಳಿ ಒಂದಾ ಮಠದ ಸ್ವಾಮಿ ಇಲ್ಲಿ," ಎಂದು ಅವ್ವ ಉತ್ತರ ಕೊಡುತ್ತಿದ್ದಳು. ಶ್ರಾವಣದ ಎರಡನೇ ಸೋಮವಾರ ಬಡಿಗ ಹೊಸ್ತಿಲಿಗೆ ಕಾಯಿ ಒಡೆದು ಬಾಗಿಲು ಕೂಡಿಸಿದ. ಬಾಗಿಲು ಚೆನ್ನಾಗಿತ್ತು. ಇದನ್ನು ಈಗಲೂ ಒಪ್ಪಿಕೊಳ್ಳಬೇಕು.

ಮರುವರ್ಷ ಮನೆಯ ಕರ ತುಂಬಲು ಪಂಚಾಯಿತಿಗೆ ಹೋದಾಗ ಮನೆ ನಮ್ಮ ಹೆಸರಿನಲ್ಲಿ ಇರಲಿಲ್ಲ. ಕಾಕಾ ದಾವೆ ಹೂಡಿದ್ದ. ಬಾಯಿಮಾತಿನ ಪಾಲಿನಲ್ಲಿ ಮನೆ ತನಗೆ ಬಂದಿತ್ತು, ಅಣ್ಣನನ್ನು ಕನಿಕರದಿಂದ ಇರಲು ಬಿಟ್ಟಿದ್ದೆ, ಈಗ ಬಿಡಿಸಿಕೊಡಿ ಎಂದು. ನಾವು ಕೋರ್ಟಿಗೆ ಬರಲಿಲ್ಲವಾದ್ದರಿಂದ ಅವನೊಬ್ಬನ ಮಾತು ಕೇಳಿ ತೀರ್ಪಾಗಿತ್ತು. ದಾವೆ ಇರುವುದೇ ನಮಗೆ ಗೊತ್ತಿರಲಿಲ್ಲ.

ಕಡತದ ನಕಲು ಬೇಕಿತ್ತು. ನಕಲು ಕೊಡುವ ಗುಮಾಸ್ತ ಎರಡು ವಾರ ನನ್ನನ್ನು ಬೆಂಚಿನ ಮೇಲೆ ಕೂರಿಸಿದ. ಯಾರೂ ಲಂಚ ಕೇಳುವುದಿಲ್ಲ ಅಲ್ಲಿ. "ಖುಷಿಲೆ ಏನರ ಕೊಡ್ರಿ, ಮೇಡಂ" ಎನ್ನುತ್ತಾರೆ. ನಾನು ಕೊಟ್ಟೆ. ನನಗೆ ಖುಷಿಯೇನೂ ಆಗಲಿಲ್ಲ, ಆದರೆ ಕೊಟ್ಟೆ, ಮತ್ತು ನಕಲು ಅದೇ ಮಧ್ಯಾಹ್ನ ಸಿಕ್ಕಿತು. ಮುಂದೆ ನಾನು ಬೇರೆಯವರ ಬಗ್ಗೆ ಏನು ಬರೆದರೂ ಈ ಸಾಲು ಮೇಲೆಯೇ ಇರಲಿ.

ಕಡತದ ಒಳಗೆ ಅಮೀನನ ವರದಿ ಇತ್ತು. ಅಮೀನ ಎಂದರೆ ಮನೆಮನೆಗೆ ಸಮನ್ಸು ಒಯ್ಯುವ ಕೋರ್ಟಿನ ನೌಕರ. ವರದಿಯನ್ನು ಬಸ್ ನಿಲ್ದಾಣದಲ್ಲೇ ನಿಂತು ಓದಿದೆ. ಬೆಳಿಗ್ಗೆ ಹನ್ನೊಂದು ಗಂಟೆಗೆ ಪ್ರತಿವಾದಿಯ ಮನೆಗೆ ಹೋಗಲಾಗಿ, ಸದರಿಯವರು ಮನೆಯಲ್ಲಿ ಹಾಜರಿದ್ದು, ಸಮನ್ಸು ಪಡೆಯಲು ನಿರಾಕರಿಸಿ ಬಾಗಿಲು ಹಾಕಿಕೊಂಡಿದ್ದರಿಂದ, ಪಂಚರ ಸಮಕ್ಷಮ ಹೊರಬಾಗಿಲಿಗೆ ಅಂಟಿಸಿ ಬರಲಾಗಿದೆ. ತಾರೀಖು ನಟ್ಟನಡು ಆಷಾಢದ್ದು.

ಮನೆಗೆ ಬಂದು ಅವ್ವನಿಗೆ ಓದಿ ಹೇಳಿದೆ. ಮನೆ ಹೋಯಿತು ಎಂದಾಗ ಅಳದವಳು ಇದನ್ನು ಕೇಳಿ ಎದ್ದು ನಿಂತಳು.

"ನಾ ಬಾಗಲಾ ಹಾಕ್ಕೊಂಡ್ನಾ? ಬಂದವರ ಮುಂದ? ನಾನು?" ಬಾಗಿಲಿನ ಕಡೆ ತಿರುಗಿ ಕೇಳಿದಳು, "ಆದ್ರ ಯಾವ ಬಾಗಲಾ?"

ನಮ್ಮ ಮನೆಗೆ ಬಂದ ಯಾರೂ ನೀರು ಕುಡಿಯದೆ ಹೋಗಿದ್ದನ್ನು ನಾನು ನೋಡಿಲ್ಲ. ಬಾಕಿ ವಸೂಲಿಗೆ ಬಂದ ಲೈಟ್ ಬಿಲ್ಲಿನವನಿಗೂ ಅವ್ವ ಬೆಲ್ಲ ಕೊಟ್ಟು ನೀರು ಕೊಟ್ಟವಳು.

ವರದಿಯ ಕೆಳಗೆ ಇಬ್ಬರು ಪಂಚರ ಸಹಿಗಳಿದ್ದವು. ಒಂದು ಯಾರದೋ ಗೀಚು. ಇನ್ನೊಂದನ್ನು ನೋಡಿದ ಕೂಡಲೇ ಗುರುತಿಸಿದೆ. ಕೊನೆಯ ಅಕ್ಷರದ ಬಾಲವನ್ನು ಹಿಂದಕ್ಕೆ ಎಳೆದು ಕೊಕ್ಕೆ ಹಾಕಿದ ಸಹಿ. ಬಾಗಿಲಿನ ಮುಂಗಡದ ಚೀಟಿಯ ಮೇಲೆಯೂ ಅದೇ ಇತ್ತು. ನಮ್ಮ ಬಾಗಿಲನ್ನು ತನ್ನ ಶೆಡ್ಡಿನಲ್ಲಿ ಇಟ್ಟುಕೊಂಡಿದ್ದ ಬಡಿಗನೇ, ಆ ಬಾಗಿಲಿಗೆ ಸಮನ್ಸು ಅಂಟಿಸಿದ್ದನ್ನು ಕಣ್ಣಾರೆ ಕಂಡೆ ಎಂದು ಸಹಿ ಮಾಡಿದ್ದ.

ಶೆಡ್ಡಿಗೆ ಹೋಗಿ ಕೇಳಿದೆ. ಅವನು ಮುಚ್ಚಿಡಲಿಲ್ಲ. ತಲೆ ಕೆರೆದುಕೊಂಡು ಹೇಳಿದ. ಬಾಗಿಲಿನ ಬಿಜಾಗರಿ ತರಲು ಪೇಟೆಗೆ ಹೋಗಿದ್ದನಂತೆ. ಕೋರ್ಟಿನ ಎದುರಿನ ಹೋಟೆಲ್ಲಿನಲ್ಲಿ ಅಮೀನ ಕೂತಿರುತ್ತಾನೆ. ಬಿಸಿಲಲ್ಲಿ ಹಳ್ಳಿ ಹಳ್ಳಿ ತಿರುಗುವ ಬದಲು, ಯಾವ ಊರಿನ ಸಮನ್ಸು ಇದೆಯೋ ಆ ಊರಿನವರು ಬಸ್ಸಿನಿಂದ ಇಳಿಯುವುದನ್ನು ಕಾಯುತ್ತಾನೆ. "ಬರ್ರಿ ಪಂಚರ, ಚಹಾ ಕುಡೀರಿ" ಎನ್ನುತ್ತಾನೆ. ಪಂಚರು ಎಂದು ಕರೆಸಿಕೊಳ್ಳುವುದು ನಮ್ಮವರಿಗೆ ದೊಡ್ಡ ಮರ್ಯಾದೆ. ಊರಲ್ಲಿ ಯಾರೂ ಕೇಳದವನನ್ನು ಸರ್ಕಾರ ಪಂಚ ಎಂದರೆ ಅವನು ಓದಿ ನೋಡುತ್ತಾನೆಯೇ?

"ದಸ್ಕತ್ ಹಾಕು ಅಂದ್ರು, ಹಾಕ್ದೆ ತಂಗಿ. ನಿಮ್ಮ ಮನೀದಂತ ನನಗೇನ್ ಗೊತ್ತು?"

"ಹಿಂಗಾತು ಅಂತ ಕೋರ್ಟಿನ್ಯಾಗ ಹೇಳ್ತೀರೇನು?"

"ಹೇಳ್ತೇನಿ. ಯಾಕ ಹೇಳಂಗಿಲ್ಲ? ಅಕ್ಕಾರ ಕೈ ಅನ್ನ ಉಂಡೇನಿ ನಾ."

ನಮ್ಮ ವಕೀಲರಿಗೆ ಇದು ಸಾಕೆನಿಸಲಿಲ್ಲ. ಏಕಪಕ್ಷೀಯ ತೀರ್ಪು ರದ್ದು ಮಾಡಿ ನಮ್ಮ ಮಾತೂ ಕೇಳಿ ಎಂದು ಅರ್ಜಿ ಹಾಕಿದರು. ಆಮೇಲೆ ತಮ್ಮ ಕೋಣೆಯ ಬಾಗಿಲು ಮುಚ್ಚಿ ಹೇಳಿದರು: "ನೋಡ್ರಿ ಮೇಡಂ, ಅಮೀನ ಬರದದ್ದು ಸತ್ಯ ಅಂತನ ಕೋರ್ಟು ಹಿಡಿತದ. ನಿಮ್ಮ ಕಾಕಾ ಕೊಟ್ಟಾನ, ನಾವೂ ಅಮೀನಗ ಏನರ ಕೊಟ್ರ, ಕಟಕಟೆಯಾಗ ಅವ ಸ್ವಲ್ಪ ಮರತಂಗ ಮಾಡ್ತಾನ." ನಾನು ಒಲ್ಲೆ ಎಂದೆ. ನಮಗೆ ಸಾಕ್ಷಿ ಇದ್ದಾನೆ ಎಂದೆ. ವಕೀಲರು ನನ್ನನ್ನು ಪರೀಕ್ಷೆಯಲ್ಲಿ ನಪಾಸಾದ ಹುಡುಗಿಯನ್ನು ನೋಡುವಂತೆ ನೋಡಿದರು.

ಒಂದು ಫೋಟೋ ಕೂಡ ಇತ್ತು. ಜಮಖಾನದ ಪರದೆ, ಅದರ ಮುಂದೆ ಕೋಳಿ ಹಿಡಿದ ಅವ್ವ. ಆದರೆ ಅದು ವರದಿಯ ತಾರೀಖಿಗಿಂತ ಒಂಬತ್ತು ದಿನ ಮೊದಲಿನದು. ಓಣಿಯ ಉಳಿದವರು ಕೋರ್ಟಿನ ಉಸಾಬರಿ ಬೇಡ ಎಂದರು. ಆ ಒಂಬತ್ತು ದಿನಗಳನ್ನು ತುಂಬಬೇಕಾದವನು ಬಡಿಗ. ಅವನು ಹೊಸ್ತಿಲು ಕೂಡಿಸಿದ್ದು ಶ್ರಾವಣದಲ್ಲಿ ಎಂದರೆ ಮನೆ ಉಳಿಯುತ್ತಿತ್ತು.

ಪೇಶಿಯ ಮೇಲೆ ಪೇಶಿ, ತಾರೀಖಿನ ಮೇಲೆ ತಾರೀಖು ಬಿದ್ದವು. ಒಂದು ದಿನ ಜಡ್ಜ್ ಸಾಹೇಬರು ರಜೆ, ಒಂದು ದಿನ ಕಾಕಾನ ವಕೀಲರಿಗೆ ಜ್ವರ, ಒಂದು ದಿನ ಕಡತವೇ ಕಾಣಲಿಲ್ಲ. ಈ ನಡುವೆ ಕಾಕಾ ಅಫಜಲಪುರದಲ್ಲಿ ಒಂದು ಕಲ್ಯಾಣ ಮಂಟಪ ಕಟ್ಟಿಸಲು ಹಿಡಿದ. ಅದು ನನಗೆ ಗೊತ್ತಿತ್ತು. ಅದರ ಬಾಗಿಲು, ಕಿಟಕಿ ಯಾರು ಮಾಡುತ್ತಾರೆ ಎಂದು ಕೇಳುವುದು ಮಾತ್ರ ಹೊಳೆಯಲಿಲ್ಲ. ಆಳಂದದ ಕಟ್ಟಿಗೆ ಅಡ್ಡೆಯಿಂದ ಟ್ರಕ್ಕಿನ ತುಂಬ ಸಾಗವಾನಿ ಬಂದು ಬಡಿಗನ ಶೆಡ್ಡಿನ ಮುಂದೆ ಇಳಿದದ್ದನ್ನು ನೋಡಿ, ಒಳ್ಳೆಯದಾಯಿತು, ಬಡವನಿಗೆ ಕೆಲಸ ಸಿಕ್ಕಿತು ಎಂದು ಅವ್ವ ಸಂತೋಷಪಟ್ಟಿದ್ದಳು.

ಕಟಕಟೆಗೆ ಹತ್ತಿದಾಗ ಬಡಿಗ ಇಸ್ತ್ರಿ ಮಾಡಿದ ಅಂಗಿ ತೊಟ್ಟಿದ್ದ. ನಮ್ಮ ವಕೀಲರು, ಆ ತಾರೀಖಿನಂದು ಮನೆಗೆ ಬಾಗಿಲು ಇತ್ತೇ ಎಂದು ಕೇಳಿದರು.

"ಇತ್ತರಿ. ಅದರ ಹಿಂದಿನ ವಾರಾನ ಕೂಡ್ಸಿದ್ದೆ."

ನನಗೆ ಮೊದಲು ಅರ್ಥವಾಗಲಿಲ್ಲ. ಅವ್ವ ನನ್ನ ಮೊಣಕೈ ಹಿಡಿದಳು. ವಕೀಲರು ದನಿ ಏರಿಸಿದರು.

"ಅದು ಆಷಾಢ. ನಿಮ್ಮ ಕಡೆ ಆಷಾಢದಾಗ ಹೊಸ್ತಿಲ ಕೂಡಿಸ್ತಾರೇನು?"

ಬಡಿಗ ನಮ್ಮ ಕಡೆ ನೋಡಲಿಲ್ಲ. ಸಾಹೇಬರಿಗೆ ಕೈ ಮುಗಿದು ಹೇಳಿದ: "ಬ್ಯಾರೆಯವರು ಕೂಡಿಸಂಗಿಲ್ರಿ. ಇವರು ಶರಣರ ಮನಿತನದವರು. ನಮಗ ಮುಹೂರ್ತ ಇಲ್ಲ, ಮಾಡೋ ಕೈ ಶುದ್ಧ ಇದ್ರ ಎಲ್ಲಾ ದಿನಾನೂ ಛಲೋ ಅಂತ ಈ ಅಕ್ಕಾರನ ಹೇಳಿದ್ರು. ಬೇಕಾರ ಕೇಳ್ರಿ."

ಸಾಹೇಬರು ಕೇಳಿದರು. ಹೀಗೆ ಹೇಳಿದ್ದು ಹೌದೇನಮ್ಮ? ಅವ್ವ ಎದ್ದು ನಿಂತಳು. ನಾನು ಅವಳ ಸೆರಗು ಎಳೆದೆ. ಈಗಲೂ ನೆನೆದರೆ ಅದೊಂದು ಕ್ಷಣಕ್ಕೆ ನಾಚಿಕೆಯಾಗುತ್ತದೆ, ಏಕೆಂದರೆ ಅವಳು ಸುಳ್ಳು ಹೇಳಲಿ ಎಂದು ನಾನು ಎಳೆದದ್ದು.

"ಹೌದ್ರಿ. ಅಂದಿದ್ದೆ," ಎಂದಳು.

ಆಮೇಲೆ ಅವಳು ಹೇಳಲು ಹೋದ ಮಾತನ್ನು, ಅಂದರೂ ಇವನು ಕೇಳಲಿಲ್ಲ ಎಂಬುದನ್ನು, ಯಾರೂ ಬರೆದುಕೊಳ್ಳಲಿಲ್ಲ. ಕೇಳಿದ್ದಕ್ಕೆ ಉತ್ತರವಾಯಿತು, ಕೂತುಕೊಳ್ಳಿ ಎಂದರು. ಕಾಕಾ ಹಿಂದಿನ ಬೆಂಚಿನಲ್ಲಿ ಮೊಬೈಲ್ ನೋಡುತ್ತ ಕೂತಿದ್ದ. ತಲೆ ಕೂಡ ಎತ್ತಲಿಲ್ಲ. ಕೊಂಡು ಆದ ವಸ್ತುವನ್ನು ಯಾರೂ ಮತ್ತೆ ನೋಡುತ್ತ ಕೂರುವುದಿಲ್ಲ.

ಹೊರಗೆ ಬೇವಿನ ಮರದ ಕೆಳಗೆ ಬಡಿಗನನ್ನು ಅಡ್ಡಗಟ್ಟಿದೆ. ಜಗಳವಾಡಿ ಗೊತ್ತಿಲ್ಲ ನನಗೆ. "ಯಾಕೆ?" ಎಂದಷ್ಟೇ ಕೇಳಿದೆ.

"ತಂಗಿ, ನಿಮ್ಮದು ಒಂದು ಬಾಗಲಾ. ಅವರದು ಇಡೀ ಮಂಟಪ," ಎಂದ. ಕ್ಷಮೆಯ ದನಿಯಿರಲಿಲ್ಲ, ಜಂಬವೂ ಇರಲಿಲ್ಲ. ಕಟ್ಟಿಗೆಯ ಅಳತೆ ಹೇಳುವಂತೆ ಹೇಳಿದ.

ಅವನನ್ನು ಕ್ಷಮಿಸಬೇಕು, ಅವನೂ ಬಡವ ಎಂದು ಓದಿದವರು ನನಗೆ ಹೇಳುತ್ತಾರೆ. ನಾನು ಕ್ಷಮಿಸಿಲ್ಲ. ಅಮೀನ ತನ್ನ ಸುಳ್ಳನ್ನು ತಾನೇ ಬರೆದಿದ್ದ. ಇವನು ಅವ್ವನ ನಂಬಿಕೆಯನ್ನು ಮಾರಿದ. ಮಾಡುವ ಕೈಯ ಬಗ್ಗೆ ಅವಳು ಹೇಳಿದ ಒಂದು ಒಳ್ಳೆಯ ಮಾತು ಈಗ ಸರ್ಕಾರಿ ಕಾಗದದಲ್ಲಿ ಅವಳ ವಿರುದ್ಧದ ಸಾಕ್ಷ್ಯವಾಗಿ ಟೈಪಾಗಿದೆ. ಅದರ ನಕಲೂ ನನ್ನ ಹತ್ತಿರ ಇದೆ.

ಅರ್ಜಿ ವಜಾ ಆಯಿತು. ಮೇಲ್ಮನವಿ ಹಾಕಿದ್ದೇವೆ, ತಡೆಯಾಜ್ಞೆ ಇನ್ನೂ ಸಿಕ್ಕಿಲ್ಲ. ಸಿಗಲು ಏನು ಬೇಕು ಎಂದು ಹೊಸ ವಕೀಲರು ಬಾಯಿಬಿಟ್ಟು ಹೇಳಿಲ್ಲ. ನಾನು ಕೇಳಿಯೂ ಇಲ್ಲ.

ಹೋದ ತಿಂಗಳು, ಮಳೆ ಹಿಡಿದ ಒಂದು ಬೆಳಿಗ್ಗೆ, ಅಮೀನ ನಿಜವಾಗಿಯೂ ನಮ್ಮ ಮನೆಗೆ ಬಂದ. ಮನೆ ಯಾಕೆ ಬಿಡಿಸಬಾರದು ಎಂದು ಕೇಳುವ ನೋಟಿಸು ತಂದಿದ್ದ. ಮನೆ ಅವನಿಗೆ ಗೊತ್ತಿರಲಿಲ್ಲ. ಎದುರು ಮನೆಯಲ್ಲಿ ಕೇಳಿಕೊಂಡು ಬಂದ. ತೊಯ್ದ ಕೊಡೆಯನ್ನು ಗೋಡೆಗೆ ಆನಿಸಿ, "ಮೇಡಂ, ಇದು ಎಷ್ಟನೇ ಮನಿ ಆತ್ರಿ?" ಎಂದು ನನ್ನನ್ನು ಕೇಳಿದಾಗ ನನಗೆ ನಗು ಬಂತು. ನಗಲಿಲ್ಲ.

ಅವ್ವ ತಂಬಿಗೆ ತಂದಳು. ಬೆಲ್ಲದ ಚೂರು ಕೊಟ್ಟಳು. ಅವನು ಹೊಸ್ತಿಲಾಚೆ ನಿಂತೇ ನೀರು ಕುಡಿದ. ಅವಳು ಕನ್ನಡಕ ಹಾಕಿಕೊಂಡು ನೋಟಿಸನ್ನು ಪೂರ್ತಿ ಓದಿ, ಅವನು ತೋರಿಸಿದಲ್ಲಿ ಸಹಿ ಮಾಡಿದಳು.

"ತಗೊಂಡಾಳ ಅಂತ ಬರ್ಕೊಳ್ರಿ," ಎಂದಳು. "ನೀರು ಕೊಟ್ಟಾಳ ಅಂತಾನೂ ಬರೀರಿ."

"ಬರೀತೇನ್ರಿ, ಬರೀತೇನಿ." ಅವನು ಚೀಲ ಮುಚ್ಚಿದ. ಹೋಗಲಿಲ್ಲ. ಕೊಡೆ ಎತ್ತಿಕೊಂಡು ಮತ್ತೆ ಅಲ್ಲೇ ನಿಂತ. "ಅಕ್ಕಾರ, ಇಷ್ಟು ಮಳ್ಯಾಗ ಬಂದೇನಿ. ಖುಷಿಲೆ ಏನರ ಚಹಾಕ್ಕ..."

ಅವ್ವ ಅವನ ಮುಖ ನೋಡಿದಳು. ಅವನು ಕೆಳಗಿಟ್ಟಿದ್ದ ತಂಬಿಗೆ ತೆಗೆದುಕೊಂಡು ಒಳಗಿಟ್ಟಳು. ನಂತರ ಬಾಗಿಲಿಗೆ ಎರಡೂ ಕೈ ಹಚ್ಚಿ ನೂಕಿದಳು. ಮಳೆಗೆ ಬೇವಿನ ಕಟ್ಟಿಗೆ ಉಬ್ಬಿತ್ತು, ಅರ್ಧಕ್ಕೆ ಬಂದು ಸಿಕ್ಕಿಕೊಂಡಿತು. ಅಮೀನ ಆಚೆ ಏನೋ ಹೇಳುತ್ತಿದ್ದ. ನಾನು ಹೋಗಿ ಹೆಗಲು ಒತ್ತಿದೆ. ಇಬ್ಬರೂ ಸೇರಿ ನೂಕಿದ ಮೇಲೆ ಬಾಗಿಲು ಹಾಕಿಕೊಂಡಿತು.