ಸುಟ್ಟ ಬೆಣ್ಣೆ ಹಣ್ಣು

ಬೆಣ್ಣೆ ಹಣ್ಣನ್ನು ಕೆಂಡದ ಮೇಲೆ ಸುಟ್ಟವರು ಈ ಮೈಸೂರಿನಲ್ಲಿ ನನ್ನನ್ನು ಬಿಟ್ಟು ಇನ್ನೊಬ್ಬರಿದ್ದರೆ ದಯವಿಟ್ಟು ತಿಳಿಸಿ. ಇಬ್ಬರೂ ಕೂತು ಒಂದೊಂದು ಲೋಟ ಕಾಫಿ ಕುಡಿಯೋಣ. ಹಣ್ಣನ್ನು ಸುಟ್ಟು, ಹಸಿಮೆಣಸಿನಕಾಯಿ ಹಾಕಿ ರುಬ್ಬಿ, ಹುಟ್ಟುಹಬ್ಬಕ್ಕೆಂದು ಬಂದ ಏಳೆಂಟು ಹುಡುಗಿಯರ ಬಾಯಿ ಕೆಡಿಸಿದವಳು ನಾನು. ಹಾಗಿದ್ದೂ ಆ ದಿನದಿಂದ ಈಚೆಗೆ ನನ್ನ ಸಂತೋಷ ನನ್ನಲ್ಲಿ ಹಿಡಿಸುತ್ತಿಲ್ಲ. ಹಾಲಿನವನಿಗೆ ಹೇಳಿಯಾಯಿತು, ನಲ್ಲಿಯ ಹತ್ತಿರ ಸಿಕ್ಕವರಿಗೆಲ್ಲ ಹೇಳಿಯಾಯಿತು. ಕೇಳುವವರು ಮುಗಿದರು. ಇನ್ನು ಉಳಿದವರು ನೀವು. ಆದರೆ ಈ ಸಂತೋಷದ ಒಳಗೆ ಒಂದು ಸಾವಿದೆ, ಅದನ್ನು ಬಿಟ್ಟು ಹೇಳುವುದು ನನಗೆ ಬಾರದು. ಮೂರನೇ ಕ್ಲಾಸಿಗೆ ಸ್ಲೇಟು ಕೆಳಗಿಟ್ಟವಳು ನಾನು. ಬೇಕಾದ್ದನ್ನು ಇಟ್ಟುಕೊಂಡು ಬೇಡದ್ದನ್ನು ಬಿಟ್ಟು ಬರೆಯುವ ಜಾಣತನ ನಾಲ್ಕನೇ ಕ್ಲಾಸಿನಲ್ಲಿ ಕಲಿಸುತ್ತಾರೇನೋ.

ನನಗೆ ಇದ್ದವನು ಒಬ್ಬನೇ ಮಗ, ಮಹೇಶ. ಅವನ ಹೆಂಡತಿ ಶಶಿಕಲಾ. ಅವರ ಮಗಳು ಅನು. ಅನುವಿಗೆ ಎರಡು ವರ್ಷ ತುಂಬಿದ ತಿಂಗಳಲ್ಲೇ ಮಹೇಶ ಕಾಮಾಲೆಯಿಂದ ತೀರಿಕೊಂಡ. ಅವನನ್ನು ಮಣ್ಣು ಮಾಡಿ ಬಂದ ಸಾಯಂಕಾಲ, ಮನೆ ತುಂಬ ನೆಂಟರಿರುವಾಗ, ನಾನು ಸೊಸೆಯ ಕಡೆ ಬೆರಳು ತೋರಿಸಿ ಇವಳ ಕಾಲ್ಗುಣವೇ ನನ್ನ ಮಗನನ್ನು ತಿಂದಿತು ಎಂದೆ. ಹನ್ನೊಂದನೆಯ ದಿನ ಕಳೆದ ಮೇಲೆ ಅವಳು ಮಗುವನ್ನು ಎತ್ತಿಕೊಂಡು ರಾಮಕೃಷ್ಣನಗರದ ತವರಿಗೆ ಹೋದಳು. ನಾನಿರುವುದು ರಾಜೀವನಗರದ ಅಂಚಿನಲ್ಲಿ. ಎರಡು ಬಸ್ಸಿನ ದಾರಿ. ಆ ಎರಡು ಬಸ್ಸಿನ ದಾರಿಯನ್ನು ದಾಟುವುದಕ್ಕೆ ಆರು ವರ್ಷ ಹಿಡಿಯಿತು. ಅದೂ ದಾಟಿದ್ದು ನಾನಲ್ಲ, ಮಗು.

ಶಾಲೆಯಲ್ಲಿ ಮನೆಯವರ ಹೆಸರೆಲ್ಲ ಬರೆದುಕೊಂಡು ಬನ್ನಿ ಎಂದಿದ್ದರಂತೆ. ಅಪ್ಪನ ಅಮ್ಮ ಯಾರು, ಎಲ್ಲಿದ್ದಾರೆ ಎಂದು ಅನು ಹಿಡಿದ ಹಟ ಬಿಡಲಿಲ್ಲ. ಈ ಸಲದ ಹುಟ್ಟುಹಬ್ಬ ಅಪ್ಪನ ಮನೆಯಲ್ಲೇ ಆಗಬೇಕು ಎಂದು ಊಟ ಬಿಟ್ಟಳಂತೆ. ಕೊನೆಗೆ ಶಶಿ ಎದುರು ಮನೆಯ ನಸೀಮಾಳ ಫೋನಿಗೆ ಮಾಡಿದಳು. ನಾನು ಒದ್ದೆ ಕೈಯಲ್ಲೇ ಓಡಿದೆ.

"ಅವಳ ಹಟಕ್ಕೆ ಬರ್ತಿದೀವಿ ಅತ್ತೆ. ಎರಡು ಗಂಟೆ ಇದ್ದು ಹೋಗ್ತೀವಿ. ಇದೊಂದು ಸಲ ಅಷ್ಟೆ."

ಆರು ವರ್ಷದ ಮೇಲೆ ಸಿಕ್ಕಿದ್ದು ಎರಡು ಗಂಟೆ. ಆ ಎರಡು ಗಂಟೆಯಲ್ಲಿ ನಾನು ಏನು ಮಾಡಿದರೆ "ಇದೊಂದು ಸಲ" ಎನ್ನುವುದು ಇನ್ನೊಂದು ಸಲವಾದೀತು ಎಂದು ಯೋಚಿಸುವಷ್ಟರಲ್ಲಿ ಮಗು ಫೋನು ಕಿತ್ತುಕೊಂಡಿತು. ಅಜ್ಜಿ ಎಂದಿತು. ಅದನ್ನು ಕೇಳಿ ನನಗೆ ಕೂರಲು ನಸೀಮಾ ಸ್ಟೂಲು ತಂದು ಹಾಕಬೇಕಾಯಿತು. ಪಾರ್ಟಿಗೆ ಗೆಳತಿಯರು ಬರುತ್ತಾರಂತೆ, ಕೇಕು ಅವರೇ ತರುತ್ತಾರಂತೆ. ಗೆಳತಿಯೊಬ್ಬಳ ಮನೆಯಲ್ಲಿ ತಿಂದಂಥ ಹಸಿರು ಡಿಪ್ ಮಾತ್ರ ಅಜ್ಜಿ ಮಾಡಬೇಕಂತೆ. ಬೆಣ್ಣೆ ಹಣ್ಣಿನದು, ಚಿಪ್ಸ್ ಅದ್ದಿಕೊಂಡು ತಿನ್ನುವುದು.

"ಖಾರ ಇರ್ಬೇಕು ಅಜ್ಜಿ. ಹೊಗೆ ವಾಸ್ನೆನೂ ಬರ್ಬೇಕು. ನಿಂಗೆ ಬರುತ್ತಾ?"

"ಅದೇನ್ ಮಹಾ ಕಣವ್ವ, ಮಾಡ್ಬುಡ್ತೀನಿ ಬಾ," ಎಂದೆ. ಡಿಪ್ ಎಂದರೆ ಗಟ್ಟಿಯೋ ನೀರೋ ಅದೂ ಗೊತ್ತಿಲ್ಲ. ಆಕಾಶದ ಚಂದ್ರನ ಗೊಜ್ಜು ಕೇಳಿದ್ದರೂ ಅದೇ ಉತ್ತರ ಕೊಡುತ್ತಿದ್ದೆ.

ನಸೀಮಾ ನಕ್ಕಳು. "ಜ್ಯೂಸ್ ಮಾಡೋ ಹಣ್ಣಿಗೆ ಮೆಣಸಿನಕಾಯಿ ಹಾಕ್ತಾರಾ ಅಕ್ಕಾ? ಮಕ್ಕಳಿಗೆ ಏನಾದ್ರೂ ಆದ್ರೆ ನನ್ ಫೋನಿಂದ ಆಗಿದ್ದು ಅನ್ಬೇಡಿ."

ಖಾರದ ವಿಷಯ ಹಾಗಿರಲಿ, ಹೊಗೆಯ ವಿಷಯದಲ್ಲಿ ನನಗೆ ಹೆದರಿಕೆಯೇ ಇರಲಿಲ್ಲ. ಮೂವತ್ತು ವರ್ಷ ಊದುಬತ್ತಿ ಹೊಸೆದ ಕೈ ಇದು. ಮರದ ಮಣೆಯ ಮೇಲೆ ಕರಿ ಹಿಟ್ಟು, ಪಕ್ಕದಲ್ಲಿ ಕಡ್ಡಿ, ಎದುರಿಗೆ ರೇಡಿಯೋ. ಓದಿದವರು ಪುಸ್ತಕದ ವಿಷಯ ಮಾತಾಡುವ ಹಾಗೆ ನಾನು ಹೊಗೆಯ ವಿಷಯ ಮಾತಾಡಬಲ್ಲೆ. ತೆಂಗಿನ ಚಿಪ್ಪಿನ ಹೊಗೆ ಮುಂಗೋಪಿ, ಭಗ್ಗನೆ ಬಂದು ಹೊರಟುಹೋಗುತ್ತದೆ. ಹುಣಸೆ ಸೌದೆಯದು ಸಾವಧಾನದ್ದು, ಅನ್ನಕ್ಕೆ ಒಳ್ಳೆಯದು. ಸಾಂಬ್ರಾಣಿ ಹೊಗೆ ಬೀಗರ ಹಾಗೆ, ಮನೆಯ ಮೂಲೆಮೂಲೆಯನ್ನೂ ನೋಡಿಕೊಂಡೇ ಆಚೆಗೆ ಹೋಗುವುದು. ಹಸಿ ಸೌದೆಯ ಹೊಗೆಯ ಗುಣ ಏನೆಂದರೆ, ಅದರ ಮುಂದೆ ಅತ್ತರೆ ಯಾಕೆ ಅಳುತ್ತಿದ್ದೀಯ ಎಂದು ಯಾರೂ ಕೇಳುವುದಿಲ್ಲ. ಮಹೇಶ ಹೋದ ವರ್ಷ ನಾನು ಹಸಿ ಸೌದೆಯನ್ನೇ ಉರಿಸಿದೆ.

ಮಾರ್ಕೆಟ್ಟಿಗೆ ಹೋಗಿ ಆರು ಬೆಣ್ಣೆ ಹಣ್ಣು ತಂದೆ. ಕಲ್ಲಿನ ಹಾಗಿದ್ದವು. ಅಕ್ಕಿ ಡಬ್ಬದಲ್ಲಿ ಹುಗಿದಿಟ್ಟು, ದಿನಕ್ಕೆ ನಾಲ್ಕು ಸಲ ತೊಟ್ಟಿನ ಹತ್ತಿರ ಒತ್ತಿ ಒತ್ತಿ ನೋಡಿದೆ. ಹುಟ್ಟುಹಬ್ಬದ ದಿನಕ್ಕೆ ಸರಿಯಾಗಿ ಮೆತ್ತಗಾದವು. ಹಿತ್ತಿಲಲ್ಲಿ ಇದ್ದಿಲ ಒಲೆ ಹೊತ್ತಿಸಿದೆ. ಹೊಗೆ ವಾಸನೆಯ ಗೊಜ್ಜು ಎಂದರೆ ನಮಗೆಲ್ಲ ಗೊತ್ತಿರುವುದು ಸುಟ್ಟ ಬದನೆಕಾಯಿಯದು. ಬದನೆಕಾಯಿಗೆ ಏನು ಮಾಡುತ್ತೇವೋ ಬೆಣ್ಣೆ ಹಣ್ಣಿಗೂ ಅದನ್ನೇ ಮಾಡಿದೆ. ನಾಲ್ಕು ಹಣ್ಣನ್ನು ಇಡಿಯಾಗಿ ಕೆಂಡದ ಮೇಲಿಟ್ಟು, ಸಿಪ್ಪೆ ಕರಕಾಗುವವರೆಗೆ ತಿರುಗಿಸಿ ತಿರುಗಿಸಿ ಸುಟ್ಟೆ. ಮೆಣಸಿನಕಾಯಿ, ಈರುಳ್ಳಿ, ಬೆಳ್ಳುಳ್ಳಿಯನ್ನೂ ಸುಟ್ಟೆ. ಸಿಪ್ಪೆ ಸುಲಿದು, ಬೀಜ ತೆಗೆದು, ಒರಳಲ್ಲಿ ಎಲ್ಲವನ್ನೂ ಅರೆದು, ಉಪ್ಪು ಹಾಕಿ ನಿಂಬೆಹಣ್ಣು ಹಿಂಡಿದೆ. ವಾಸನೆ ಘಮ್ಮೆಂದಿತು.

ನಾಲಿಗೆಗೆ ಒಂದು ಚೂರು ಇಟ್ಟು ನೋಡಿದ್ದರೆ ಕತೆ ಅಲ್ಲಿಗೇ ಮುಗಿಯುತ್ತಿತ್ತು. ನೋಡಲಿಲ್ಲ. ಅವನ ಮಗಳು ಅವನ ಮನೆಗೆ ಬರುತ್ತಿರುವ ದಿನ, ಮೊದಲ ಎಡೆ ಮಹೇಶನ ಫೋಟೋದ ಮುಂದೆ ಇಡಬೇಕು ಎಂದುಕೊಂಡಿದ್ದೆ. ಎಡೆಗೆ ಇಡುವುದನ್ನು ಮೊದಲೇ ರುಚಿ ನೋಡಿ ಎಂಜಲು ಮಾಡುವುದುಂಟೇ? ಬಾಳೆಲೆಯ ತುಂಡಿನ ಮೇಲೆ ಒಂದು ಚಮಚ ಡಿಪ್, ನಾಲ್ಕು ಚಿಪ್ಸ್ ಇಟ್ಟು ಕೈ ಮುಗಿದೆ. ಅವನು ಏನೂ ಹೇಳಲಿಲ್ಲ. ಬದುಕಿದ್ದಾಗಲೂ ನಾನು ಬಡಿಸಿದ್ದಕ್ಕೆ ಹೆಸರಿಟ್ಟವನಲ್ಲ.

ಅವರು ಬಂದರು. ಅನುವಿನ ಹಣೆ ಮಹೇಶನದೇ. ಅದನ್ನು ಬರೆಯಲು ಕೂತರೆ ಈ ಪುಟ ಸಾಲದು, ಬಿಡಿ. ಶಶಿ ಬಾಗಿಲ ಪಕ್ಕದ ಕುರ್ಚಿಯಲ್ಲಿ, ಬ್ಯಾಗನ್ನು ತೊಡೆಯ ಮೇಲಿಟ್ಟುಕೊಂಡೇ ಕೂತಳು. ಕೇಕು ಕತ್ತರಿಸಿದ್ದಾಯಿತು. ನಾನು ಡಿಪ್ಪಿನ ಬೋಗುಣಿಯನ್ನು ದೇವರ ತಟ್ಟೆಯ ಹಾಗೆ ಎರಡು ಕೈಯಲ್ಲಿ ಹಿಡಿದು ತಂದೆ. ಹುಡುಗಿಯರು ಅದ್ದಿದರು, ಬಾಯಿಗಿಟ್ಟರು, ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಒಬ್ಬಳು ಕರವಸ್ತ್ರಕ್ಕೆ ಉಗಿದಳು. ಅನು ಮಾತ್ರ ನನ್ನ ಮುಖ ನೋಡುತ್ತಾ ಅಗಿದಳು, ನುಂಗಿದಳು, ಕಣ್ಣಲ್ಲಿ ನೀರು ತುಂಬಿಕೊಂಡು ಇನ್ನೊಂದು ಚಿಪ್ಸನ್ನು ಅದ್ದಲು ಹೋದಳು.

ಖಾರವಲ್ಲ ಅದು. ಬೆರಳಲ್ಲಿ ತೆಗೆದು ನೆಕ್ಕಿದೆ. ವಿಷದ ಹಾಗೆ ಕಹಿ. ಎರಡು ಗಂಟೆಯಲ್ಲಿ ಇನ್ನು ಒಂದು ಗಂಟೆ ಉಳಿದಿತ್ತು.

ಶಶಿ ಎದ್ದು ಬಂದಳು. ಮಗಳ ಕೈ ಹಿಡಿದು ಸಾಕು ಎಂದಳು. ಬೋಗುಣಿ ಎತ್ತಿಕೊಂಡು ಸೀದಾ ಅಡುಗೆಮನೆಗೆ ನಡೆದಳು. ಆರು ವರ್ಷದ ಮೇಲೆ ಅವಳು ಆ ಹೊಸ್ತಿಲು ದಾಟಿದ್ದು ನನ್ನ ಕಹಿಯನ್ನು ಚೆಲ್ಲುವುದಕ್ಕೆ.

"ಹಣ್ಣನ್ನೂ ಸುಟ್ರಾ ಅತ್ತೆ?"

"ಊಂ ಕಣಮ್ಮ. ಬದ್ನೆಕಾಯಿ ಸುಟ್ಟಂಗೆ ಸುಟ್ಬುಟ್ಟೆ."

"ಇದಕ್ಕೆ ಬೆಂಕಿ ತಾಗಿಸಬಾರ್ದು, ಕಹಿಯಾಗುತ್ತೆ. ಹೊಗೆ ಏನಿದ್ರೂ ಮೆಣಸಿನಕಾಯಿ ಈರುಳ್ಳೀಲಿ ಬಂದ್ರೆ ಸಾಕು. ಬೇರೆ ಹಣ್ಣಿದೆಯಾ?"

ಅಕ್ಕಿ ಡಬ್ಬದಿಂದ ಉಳಿದ ಎರಡನ್ನು ತೆಗೆದುಕೊಟ್ಟೆ. ಅವಳು ಹಸಿಯಾಗಿಯೇ ಸೀಳಿ, ಬೀಜ ತೆಗೆದು, ಚಮಚದಲ್ಲಿ ತಿರುಳು ಬಾಚಿದಳು. ನಾನು ಪಕ್ಕದಲ್ಲಿ ಅಡುಗೆಮನೆಯ ಒಲೆಯ ಮೇಲೆ ಈರುಳ್ಳಿ, ಮೆಣಸಿನಕಾಯಿ ಸುಡುತ್ತಾ ನಿಂತೆ. ಆ ಹೊತ್ತು ನಾನು ಬಾಯಿ ಬಿಡದಿದ್ದರೆ ಇನ್ನು ಯಾವತ್ತೂ ಬಿಡುವವಳಲ್ಲ ಎಂದು ನನಗೇ ಗೊತ್ತಾಯಿತು. ಮಹೇಶನ ಕಣ್ಣು ಹಳದಿಯಾದ ದಿನವೇ ಆಸ್ಪತ್ರೆಗೆ ಹೋಗೋಣ ಎಂದು ಅತ್ತವಳು ಶಶಿ. ಕಾಮಾಲೆಗೆ ಇಂಗ್ಲಿಷ್ ಔಷಧಿ ಇಲ್ಲ, ನೀನು ಸುಮ್ಮನಿರು ಎಂದು ಅವಳನ್ನು ಗದರಿಸಿ ನೆಲನೆಲ್ಲಿ ಸೊಪ್ಪಿನ ರಸ ಕುಡಿಸಿದವಳು ನಾನು. ಎಂಟು ದಿನ. ಒಂಬತ್ತನೆಯ ದಿನ ಅವನಿಗೆ ನನ್ನ ಗುರುತು ಸಿಗಲಿಲ್ಲ. ಆಸ್ಪತ್ರೆಯವರು ತಡಮಾಡಿಬಿಟ್ಟಿರಿ ಎಂದರು. ಅದನ್ನು ಕೇಳಿಸಿಕೊಂಡವರು ನಾವಿಬ್ಬರೇ. ನಾಳೆ ಅವಳು ಹೇಳಿಬಿಟ್ಟರೆ ಎಂಬ ಭಯಕ್ಕೆ, ಇವತ್ತೇ ಅವಳ ಮೇಲೆ ಹೊರಿಸಿದೆ. ಕಾಲ್ಗುಣ ಎನ್ನುವುದು ಎಷ್ಟು ಅನುಕೂಲದ ಮಾತು ನೋಡಿ, ಅದಕ್ಕೆ ಸಾಕ್ಷಿಯನ್ನೇ ಯಾರೂ ಕೇಳುವುದಿಲ್ಲ.

"ಶಶಿ, ನಿನ್ ಕಾಲ್ಗುಣ ಅಲ್ಲ ಕಣಮ್ಮ," ಎಂದೆ. "ಎಂಟು ದಿನ ತಡ ಮಾಡಿದೋಳು ನಾನು. ಗೊತ್ತಿದ್ದೇ ನಿನ್ ಮೇಲೆ ಹಾಕ್ದೆ."

ಅವಳ ಕೈ ನಿಂತಿತು. ಒಲೆಯ ಮೇಲೆ ಮೆಣಸಿನಕಾಯಿ ಸಿಡಿಯಿತು. ಆಮೇಲೆ ಅವಳು ತಿರುಗದೆಯೇ, "ಉಪ್ಪು ಕೊಡಿ," ಎಂದಳು. ಕೊಟ್ಟೆ.

ಎರಡನೆಯ ಬೋಗುಣಿ ಹುಡುಗಿಯರ ಮುಂದೆ ಐದು ನಿಮಿಷ ಉಳಿಯಲಿಲ್ಲ. ಕರವಸ್ತ್ರಕ್ಕೆ ಉಗಿದವಳೇ ತಳ ಬಾಚಿದಳು. ನಾನು ಗೋಡೆಗೆ ಒರಗಿ ನೋಡುತ್ತಿದ್ದೆ. ಹೊರಡುವಾಗ ಶಶಿ ಚಪ್ಪಲಿ ಮೆಟ್ಟಿಕೊಂಡು, ನನ್ನನ್ನು ನೇರವಾಗಿ ನೋಡಿ ಮೆಲ್ಲಗೆ ಹೇಳಿದಳು.

"ನೀವು ಹೇಳಿದ್ದು ಒಳ್ಳೇದಾಯ್ತು. ಆದ್ರೆ ನನ್ ಕೈಲಿ ಮರೆಯಕ್ಕೆ ಆಗಲ್ಲ ಅತ್ತೆ. ನಾನು ಬರಲ್ಲ. ಅನೂನ ಭಾನುವಾರ ಕಳಿಸ್ತೀನಿ."

ತಲೆಯಾಡಿಸಿದೆ. ನನ್ನನ್ನು ಕ್ಷಮಿಸು ಎಂದು ಕೇಳಲಿಲ್ಲ. ಮಗುವನ್ನೇ ಕೊಡುತ್ತಿರುವವಳ ಹತ್ತಿರ ಕೊಸರು ಕೇಳಬಾರದು.

ಭಾನುವಾರ ಅನು ಬಂದಳು. ಆಮೇಲಿನ ಭಾನುವಾರವೂ ಬಂದಳು. ಮೂರನೆಯ ಭಾನುವಾರ ನನ್ನ ತೊಡೆಯ ಮೇಲೆ ಕಾಲು ಚಾಚಿ ಮಲಗಿಕೊಂಡು, ಅಪ್ಪ ಯಾಕೆ ಸತ್ತಿದ್ದು ಎಂದು ಕೇಳಿದಳು. ದೇವರು ಕರೆದುಕೊಂಡ ಎನ್ನುವುದು ನಾಲಿಗೆಯ ತುದಿಗೇ ಬಂದಿತ್ತು. ಎಷ್ಟು ಸಾವನ್ನು ನಾವು ಅವನ ತಲೆಗೆ ಕಟ್ಟಿಲ್ಲ. ಆದರೂ ಇದ್ದದ್ದನ್ನು ಇದ್ದ ಹಾಗೆ, ಮಗುವಿಗೆ ತಿಳಿಯುವಷ್ಟು ಹೇಳಿದೆ. ಕಾಮಾಲೆ ಬಂದಿತ್ತು, ಅಜ್ಜಿ ಆಸ್ಪತ್ರೆಗೆ ಹೋಗಲು ಬಿಡಲಿಲ್ಲ, ಅಮ್ಮ ಹೇಳಿದ್ದೇ ಸರಿಯಾಗಿತ್ತು.

ಇನ್ನು ಅನು ಎದ್ದು ಹೋದರೆ ಹಿಂದೆ ಕರೆಯುವ ಹಕ್ಕೂ ನನಗಿಲ್ಲ ಎಂದುಕೊಂಡು ಕಾದೆ. ಅವಳು ಕಾಲು ಮಡಿಸಿ ಎದ್ದು ಕೂತಳು.

"ಅಜ್ಜಿ, ಹಸಿವಾಗ್ತಿದೆ," ಎಂದಳು.

ನನ್ನ ಮಂಡಿ ನೋವು ನಿಮಗೆ ಗೊತ್ತಿಲ್ಲ. ಆ ದಿನ ನಾನು ನೆಲದಿಂದ ಎದ್ದ ರಭಸವನ್ನು ನೋಡಿದ್ದರೆ, ಅಂಥದ್ದೊಂದು ಇದೆ ಎಂದು ನೀವು ನಂಬುತ್ತಲೂ ಇರಲಿಲ್ಲ.